ಹಾಡು ಮೊದಲು, ಚಿತ್ರ ಆಮೇಲೆ

ಪಾತ್ರಧಾರಿಗಳು ಮಾತನಾಡುವ ಬದಲು ಬಹುಪಾಲು ಹಾಡಿನಲ್ಲೇ ಕಥೆ ಸಾಗಿಸುವ ಪಾಶ್ಚಾತ್ಯ ಸಂಗೀತ ನಾಟಕಕ್ಕೆ ಒಪೆರಾ ಎಂದು ಹೆಸರು. ಹಿಂದೆ ಇದನ್ನು ನೋಡಬೇಕೆಂದರೆ ವಿಯೆನ್ನಾ, ಮಿಲಾನ್‌ಗಳಂಥ ಊರುಗಳ ರಂಗಮಂದಿರಕ್ಕೇ ಹೋಗಬೇಕಿತ್ತು. ಅದನ್ನು ಫಿಲ್ಮಿಗೆ ಇಳಿಸಿ ಟಿ.ವಿ. ಮೂಲಕ ಮನೆಮನೆಗೆ ತಲುಪಿಸಿದವರಲ್ಲಿ ಪ್ರಮುಖರು ಜರ್ಮನಿಯ ನಿರ್ಮಾಪಕ ಲಿಯೊ ಕಿರ್ಶ್.

ಕಿರ್ಶ್ ಹುಟ್ಟಿದ್ದು 1926ರಲ್ಲಿ, ಬವೇರಿಯಾ ರಾಜ್ಯದ ದ್ರಾಕ್ಷಿ ಬೆಳೆಯುವ ಸೀಮೆಯಲ್ಲಿ. ಓದಿದ್ದು ಗಣಿತ ಮತ್ತು ವಾಣಿಜ್ಯ. 1956ರಲ್ಲಿ ಸಾಲ ಮಾಡಿ ಇಟಲಿಗೆ ಹೋಗಿ, ಫೆಲಿನಿಯವರ 'ಲಾ ಸ್ತ್ರಾದಾ' ಚಿತ್ರದ ಜರ್ಮನ್ ಹಕ್ಕು ಕೊಂಡು ತಂದರು. ಮುಂದೆ ಸಿನಿಮಾ ಹಕ್ಕುಗಳನ್ನು ಟಿ.ವಿ.ಗೆ ಮಾರುವ ದೊಡ್ಡ ವ್ಯಾಪಾರಿಯಾದರು. 1966ರಲ್ಲಿ 'ಯೂನಿಟೆಲ್' ಸಂಸ್ಥೆ ಆರಂಭಿಸಿದರು. ಖ್ಯಾತ ವಾದ್ಯವೃಂದ ನಿರ್ದೇಶಕ ಹರ್ಬರ್ಟ್ ಫಾನ್ ಕರಾಯನ್ ಅವರಂಥವರ ಸಂಗೀತ ಹೀಗೆ ಫಿಲ್ಮಿನಲ್ಲಿ ಉಳಿಯಿತು.

ಒಪೆರಾ ಚಿತ್ರ ತಯಾರಾಗುವ ಬಗೆ ನಮ್ಮ ಚಿತ್ರಗೀತೆಗಳನ್ನು ನೆನಪಿಸುತ್ತದೆ. ಮೊದಲು ಧ್ವನಿಮುದ್ರಣ, ಆಮೇಲೆ ಅದನ್ನು ಧ್ವನಿವರ್ಧಕದಲ್ಲಿ ಕೇಳಿಸಿ ಚಿತ್ರೀಕರಣ. ವ್ಯತ್ಯಾಸವೆಂದರೆ, ಸಾಮಾನ್ಯವಾಗಿ ಹಾಡಿದವರೇ ತುಟಿ ಆಡಿಸಿ ನಟಿಸುತ್ತಾರೆ.

ಇಲ್ಲಿ ಭೌತವಿಜ್ಞಾನ ಅಡ್ಡ ಬರುತ್ತದೆ! ಶಬ್ದದ ವೇಗ ಸೆಕೆಂಡಿಗೆ ಸುಮಾರು 340 ಮೀಟರ್. ಗಾಯಕಿ ಧ್ವನಿವರ್ಧಕದಿಂದ 17 ಮೀಟರ್ ದೂರ ನಿಂತರೆ ಹಾಡು ಅವರ ಕಿವಿಗೆ ಮುಟ್ಟಲು ಸೆಕೆಂಡಿನ ಇಪ್ಪತ್ತನೇ ಒಂದು ಭಾಗ ಬೇಕು. ಐರೋಪ್ಯ ಟಿ.ವಿ.ಯಲ್ಲಿ ಸೆಕೆಂಡಿಗೆ 25 ಫ್ರೇಮುಗಳು. ಅಂದರೆ ತುಟಿ ಒಂದು ಫ್ರೇಮಿಗಿಂತ ಹೆಚ್ಚು ಹಿಂದೆ ಬೀಳುತ್ತದೆ. ಅದನ್ನು ಸರಿದೂಗಿಸುವುದು ಸಂಕಲನಕಾರನ ಕೆಲಸ.

ಇನ್ನೊಂದು ತೊಡಕೂ ಉಂಟು. ಚಿತ್ರಮಂದಿರದ ಫಿಲ್ಮು ಓಡುವುದು ಸೆಕೆಂಡಿಗೆ 24 ಫ್ರೇಮಿನಂತೆ. ಅದನ್ನು ಹಾಗೆಯೇ ಐರೋಪ್ಯ ಟಿ.ವಿ.ಯ 25 ಫ್ರೇಮಿನ ವೇಗದಲ್ಲಿ ಓಡಿಸಿದರೆ 100 ನಿಮಿಷದ ಚಿತ್ರ 96 ನಿಮಿಷಕ್ಕೆ ಮುಗಿಯುತ್ತದೆ. ಸೆಕೆಂಡಿಗೆ 440 ಕಂಪನಗಳ ಸ್ವರ ಸುಮಾರು 458ಕ್ಕೆ ಏರುತ್ತದೆ. ಸಾಮಾನ್ಯ ಸಿನಿಮಾದಲ್ಲಿ ಇದು ಹೆಚ್ಚಿನವರಿಗೆ ತಿಳಿಯದು. ಒಪೆರಾದಲ್ಲಿ ಶ್ರುತಿಯೇ ಕೆಟ್ಟಂತೆ.

ಬೇರೆ ಚಿತ್ರಗಳ ಸಂಕಲನಕಾರ ದೃಶ್ಯ ಎಳೆದಂತಾದರೆ ಕತ್ತರಿಸಿ ಬಿಸಾಡಬಹುದು. ಒಪೆರಾದಲ್ಲಿ ಆ ಸ್ವಾತಂತ್ರ್ಯವಿಲ್ಲ. ಸಂಗೀತದಿಂದ ಒಂದು ಸೆಕೆಂಡು ತೆಗೆದರೂ ತಾಳ ತಪ್ಪುತ್ತದೆ. ಯಾವ ಸ್ವರಕ್ಕೆ ಯಾರ ಮುಖ ತೋರಿಸಬೇಕು ಎಂಬುದಷ್ಟೇ ಅವನ ಕೈಯಲ್ಲಿರುವುದು.

ಇಷ್ಟೆಲ್ಲ ಪಾಡು ಏಕೆ? ಉತ್ತರ, ಗ್ಯೋಟ್ಸ್ ಫ್ರೀಡ್ರಿಶ್ ನಿರ್ದೇಶನದ 'ಎಲೆಕ್ಟ್ರಾ' ಚಿತ್ರದಲ್ಲಿದೆ. ರಿಚರ್ಡ್ ಸ್ಟ್ರೌಸ್ 1909ರಲ್ಲಿ ರಂಗಕ್ಕೆ ತಂದ ಒಪೆರಾ ಇದು. ನಾಯಕಿ ಬಹುತೇಕ ಉದ್ದಕ್ಕೂ ರಂಗದ ಮೇಲಿದ್ದು, ಭಾರೀ ವಾದ್ಯವೃಂದವನ್ನು ಮೀರಿ ಹಾಡಬೇಕು. ಗಾಯಕಿ ಲಿಯೊನಿ ರಿಸಾನೆಕ್ ಈ ಪಾತ್ರವನ್ನು ರಂಗದ ಮೇಲೆ ಪೂರ್ಣವಾಗಿ ಹಾಡಲೇ ಇಲ್ಲ. ಧ್ವನಿಮುದ್ರಣದಲ್ಲಾದರೋ ಭಾಗಭಾಗವಾಗಿ, ಗಂಟಲಿಗೆ ವಿಶ್ರಾಂತಿ ಕೊಟ್ಟು ಹಾಡಬಹುದು. ಹೀಗಾಗಿ ಅವರ ಎಲೆಕ್ಟ್ರಾ ಜಗತ್ತಿಗೆ ದಕ್ಕಿತು. ಸಂಗೀತ ನಿರ್ವಹಿಸಿದ ಕಾರ್ಲ್ ಬ್ಯೋಮ್, ಸ್ಟ್ರೌಸರ ಆಪ್ತರು. 1981ರ ಆಗಸ್ಟ್‌ನಲ್ಲಿ, ಚಿತ್ರ ಪ್ರೇಕ್ಷಕರನ್ನು ತಲುಪುವ ಮೊದಲೇ, 86ರ ವಯಸ್ಸಿನಲ್ಲಿ ತೀರಿಕೊಂಡರು. ಚಿತ್ರದಲ್ಲಿ ಕೇಳಿಬರುವುದು ಅವರ ಕೊನೆಯ ದುಡಿಮೆಯ ಫಲ.

ಕಿರ್ಶ್ ಕಟ್ಟಿದ ಬೃಹತ್ ಟಿ.ವಿ. ಸಾಮ್ರಾಜ್ಯ ಸಾಲದ ಭಾರಕ್ಕೆ 2002ರಲ್ಲಿ ಕುಸಿಯಿತು. ಸಕ್ಕರೆ ಕಾಯಿಲೆಯಿಂದ ಅವರ ದೃಷ್ಟಿಯೂ ಬಹುಮಟ್ಟಿಗೆ ಹೋಗಿತ್ತು. 2011ರಲ್ಲಿ ನಿಧನರಾದರು. ದೊಡ್ಡ ಲಾಭ ತಂದ ವ್ಯಾಪಾರಗಳು ಕೈಬಿಟ್ಟುಹೋದವು. ಯೂನಿಟೆಲ್ ಮಾತ್ರ ಉಳಿದುಕೊಂಡಿತು. ರಿಸಾನೆಕ್ ಅವರ ಕಂಠವನ್ನೂ ಬ್ಯೋಮ್ ಅವರ ಸಂಗೀತವನ್ನೂ ಇಂದಿಗೂ ಯಾರು ಬೇಕಾದರೂ ಕೇಳಬಹುದು, ಅದೂ ಶ್ರುತಿ ತಪ್ಪದೆ.