ಕೇಸು ಹಿಂಪಡೆದೆ, ಪುಸ್ತಕ ಹಿಡಿದೆ

ಸರ್ಕಾರಿ ಕೆಲಸಕ್ಕೆ ಓದುವ ನಮ್ಮಂಥವರ ಮಾತಿನಲ್ಲಿ ಕೀ ಉತ್ತರ, ಕಟ್ ಆಫ್ ಜೊತೆಗೆ ಈಗ 'ಕೋರ್ಟ್ ಕೇಸ್' ಕೂಡ ಸೇರಿಕೊಂಡಿದೆ. 545 ಪಿಎಸ್‌ಐ ಹುದ್ದೆಗಳ ಕಥೆ ಎಲ್ಲರಿಗೂ ಗೊತ್ತು. 2021ರ ಅಕ್ಟೋಬರ್‌ನಲ್ಲಿ ನಡೆದ ಪರೀಕ್ಷೆ ಅಕ್ರಮದಿಂದ ರದ್ದಾಯಿತು. ವಿಷಯ ಹೈಕೋರ್ಟ್ ಮೆಟ್ಟಿಲೇರಿ, ಮರುಪರೀಕ್ಷೆ ನಡೆಯುವಾಗ 2024ರ ಜನವರಿ ಬಂದಿತ್ತು.

ನಾನೂ ಬೇರೊಂದು ನೇಮಕಾತಿಯನ್ನು ಪ್ರಶ್ನಿಸಿದ್ದೆ. ಅಂತಿಮ ಕೀ ಉತ್ತರದಲ್ಲಿ ಎರಡು ಉತ್ತರಗಳು ಪಠ್ಯಪುಸ್ತಕಕ್ಕೇ ವಿರುದ್ಧವಾಗಿದ್ದವು. ಪುಟದ ಪ್ರತಿ ಲಗತ್ತಿಸಿ ಆಕ್ಷೇಪಣೆ ಸಲ್ಲಿಸಿದರೂ ಕಾರಣ ಹೇಳದೆ ತಳ್ಳಿಹಾಕಿದರು. ಒಂದೂವರೆ ಅಂಕದಲ್ಲಿ ಆಯ್ಕೆಪಟ್ಟಿ ತಪ್ಪಿತು. ರಾಜ್ಯ ಸರ್ಕಾರದ ಹುದ್ದೆಗಳ ಇಂಥ ತಕರಾರು ಮೊದಲು ಹೋಗುವುದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ, ಹೈಕೋರ್ಟ್ ಆಮೇಲೆ. ನಾವು ಮೂವರು ವಕೀಲರ ಫೀಸು ಹಂಚಿಕೊಂಡು ಅಲ್ಲಿ ಅರ್ಜಿ ಹಾಕಿದೆವು.

ವರ್ಷ ಕಳೆಯಿತು. ದಾವಣಗೆರೆಯಿಂದ ರಾತ್ರಿ ಬಸ್ಸು, ಬೆಳಿಗ್ಗೆ ಬೆಂಗಳೂರು, ಮಧ್ಯಾಹ್ನ 'ಮುಂದೂಡಲಾಗಿದೆ'. ಓದಲು ಕುಳಿತರೂ ತಲೆಯಲ್ಲಿ ಮುಂದಿನ ವಿಚಾರಣೆ. ಕೀ ಉತ್ತರದ ಬಗ್ಗೆ ಸಂದೇಹವಿದ್ದರೆ ಅದರ ಲಾಭ ಪರೀಕ್ಷಾ ಪ್ರಾಧಿಕಾರಕ್ಕೇ ಸಲ್ಲಬೇಕು ಎಂದು ಸುಪ್ರೀಂ ಕೋರ್ಟ್ 2017ರಲ್ಲಿ ರಣ ವಿಜಯ್ ಸಿಂಗ್ ಪ್ರಕರಣದಲ್ಲಿ ಹೇಳಿದೆ. ವಕೀಲರು ಇದನ್ನು ಬಿಡಿಸಿ ಹೇಳಿದಾಗ ದಾರಿ ಎಷ್ಟು ಕಡಿದೆಂದು ಅರ್ಥವಾಯಿತು. ಅಷ್ಟರಲ್ಲಿ ಹೊಸ ಅಧಿಸೂಚನೆಯೂ ಬಂತು.

ನನಗಿನ್ನೂ ನಾಲ್ಕು ವರ್ಷ ವಯೋಮಿತಿ ಇತ್ತು. ನಮ್ಮ ಜೊತೆಗಿದ್ದ ಅಕ್ಕನಿಗೆ ಅದೇ ಕೊನೆಯ ಅವಕಾಶ. ಹಾಗಾಗಿ ನನ್ನ ಹೆಸರನ್ನಷ್ಟೇ ಹಿಂಪಡೆದೆ; ಅವರಿಬ್ಬರಿಗೆ ಬಿಡಿ ಎನ್ನಲಿಲ್ಲ. ಫೀಸಿನಲ್ಲಿ ನನ್ನ ಪಾಲನ್ನು ಪೂರ್ತಿ ಕೊಟ್ಟೆ. 'ಎಷ್ಟು ತಗೊಂಡೆ?' ಎಂದು ಕೆಲವರು ಕೇಳಿದರು. 'ನಿಂದು ಸುಳ್ಳು ಕೇಸಾ?' ಎಂದರು ಇನ್ನು ಕೆಲವರು. ಆ ಎರಡು ಉತ್ತರಗಳು ತಪ್ಪು ಎಂದು ನಾನು ಇವತ್ತೂ ಹೇಳುತ್ತೇನೆ. ಆದರೆ ಅದನ್ನು ಸಾಬೀತುಪಡಿಸಲು ಎಷ್ಟು ವರ್ಷ ಕೊಡಬಹುದು ಎಂಬ ಲೆಕ್ಕ ಮಾತ್ರ ನನ್ನದು.

ಗೆಳೆಯರೇ, ಇಂಥ ಸಂದರ್ಭ ಬಂದರೆ ಸಿಟ್ಟಿನಲ್ಲಾಗಲಿ, ಬೇಸರದಲ್ಲಾಗಲಿ ಸಹಿ ಹಾಕಬೇಡಿ. ಅದೇ ವಿಷಯಕ್ಕೆ ಮತ್ತೆ ಅರ್ಜಿ ಹಾಕುವ ಅನುಮತಿ ಕೇಳದೆ ಹಿಂಪಡೆದರೆ ಆ ಬಾಗಿಲು ಮುಚ್ಚಬಹುದು. ಉಳಿದವರು ಗೆದ್ದರೂ ಪರಿಹಾರ ಅರ್ಜಿದಾರರಿಗಷ್ಟೇ ಸೀಮಿತವಾಗಬಹುದು. ಇವೆರಡನ್ನೂ ವಕೀಲರ ಬಳಿ ಕೇಳಿ, ವಯೋಮಿತಿ ಎಷ್ಟು ಉಳಿದಿದೆ ಎಂದು ಎಣಿಸಿ, ಆಮೇಲೆ ನಿರ್ಧರಿಸಿ.

ಅಕ್ಕನ ಅರ್ಜಿ ಇನ್ನೂ ವಿಚಾರಣೆಯಲ್ಲಿದೆ. ನಾನು ಗುರುತು ಹಾಕಿದ್ದ ಪಠ್ಯಪುಸ್ತಕ, ಓಎಂಆರ್ ಪ್ರತಿ ಎಲ್ಲವೂ ಅವರ ಫೈಲಿನಲ್ಲಿವೆ. ಮುಂದಿನ ತಿಂಗಳು ನನಗೆ ಪರೀಕ್ಷೆ.