ಜಗಳದ ವೀಡಿಯೋ: ನೋಡುವ ಮನಸ್ಸು, ಎಣಿಸುವ ಯಂತ್ರ

2020ರ ಮೇ ತಿಂಗಳಿನಲ್ಲಿ ‘ಕ್ಯಾರಿ ಮಿನಾಟಿ’ ಎಂಬ ಹಿಂದಿ ಯೂಟ್ಯೂಬ್ ವಾಹಿನಿಯಲ್ಲಿ ಟಿಕ್‌ಟಾಕ್ ಕಲಾವಿದರೊಬ್ಬರನ್ನು ಹೀಯಾಳಿಸುವ ವೀಡಿಯೋ ಬಂತು. ಕೆಲವೇ ದಿನಗಳಲ್ಲಿ ವೀಕ್ಷಣೆ 7 ಕೋಟಿ ದಾಟಿತು. ಕಿರುಕುಳ ತಡೆಯುವ ನಿಯಮ ಮೀರಿದೆಯೆಂದು ಯೂಟ್ಯೂಬ್ ಅದನ್ನು ತೆಗೆದುಹಾಕಿತು. ಅಭಿಮಾನಿಗಳ ಸಿಟ್ಟಿಗೆ ಟಿಕ್‌ಟಾಕ್‌ನ ಅಂಕವೂ ಕುಸಿಯಿತು. ಗೂಗಲ್ ಲಕ್ಷಾಂತರ ವಿಮರ್ಶೆಗಳನ್ನು ಅಳಿಸಬೇಕಾಯಿತು.

ಬೈಗುಳ ಕೇಳಲು ಇಷ್ಟೊಂದು ಜನ ಸೇರಿದ್ದೇಕೆ? ಕೆಟ್ಟ ಕುತೂಹಲವೆಂದು ತಳ್ಳಿಹಾಕುವಂತಿಲ್ಲ. ಅಪಾಯದ ಸೂಚನೆಗಳು ನಮ್ಮ ಗಮನವನ್ನು ಬೇಗ ಸೆಳೆಯುತ್ತವೆ. ಏರಿದ ದನಿ, ಕೆರಳಿದ ಮುಖ ಅಂಥ ಸೂಚನೆಗಳೇ. ಜೊತೆಗೆ ಪಕ್ಷ ವಹಿಸುವ ಸುಖವೂ ಇದೆ. 2004ರಲ್ಲಿ ಪ್ರಕಟವಾದ ಜ್ಯೂರಿಕ್ ಸಂಶೋಧಕರ ಪ್ರಯೋಗವೊಂದರಲ್ಲಿ ಸ್ವಯಂಸೇವಕರು ಹಣದ ಆಟ ಆಡಿದರು. ನಂಬಿಕೆಗೆ ದ್ರೋಹ ಮಾಡಿದ ಜೊತೆಗಾರನಿಗೆ ದಂಡ ಹಾಕುವಾಗ ಅವರ ಮಿದುಳಿನಲ್ಲಿ ಪ್ರತಿಫಲಕ್ಕೆ ಸಂಬಂಧಿಸಿದ ಸ್ಟ್ರಯೇಟಮ್ ಭಾಗ ಚುರುಕಾಗಿತ್ತು. ‘ತಕ್ಕ ಶಾಸ್ತಿಯಾಯಿತು’ ಎಂಬ ತೃಪ್ತಿಗೆ ಇದೊಂದು ಸುಳಿವು. ಆದರೆ ಆಟದಲ್ಲಿ ದ್ರೋಹ ಕಣ್ಣೆದುರೇ ನಡೆದಿತ್ತು. ವೀಡಿಯೋದಲ್ಲಿ ತಪ್ಪಿತಸ್ಥ ಯಾರೆಂದು ಮೊದಲೇ ತೀರ್ಮಾನಿಸಿ, ಬೇಕಾದ ತುಣುಕುಗಳನ್ನಷ್ಟೇ ಜೋಡಿಸುವವನು ಅದರ ತಯಾರಕ!

ಇನ್ನು ಯಂತ್ರದ ಪಾಲು. 2012ರಲ್ಲಿ ಯೂಟ್ಯೂಬ್ ತನ್ನ ಶಿಫಾರಸುಗಳಲ್ಲಿ ಕ್ಲಿಕ್ಕಿಗಿಂತ ನೋಡಿದ ಅವಧಿಗೆ ಹೆಚ್ಚು ಮಹತ್ವ ಕೊಟ್ಟಿತು. ಮುಂದೆ ವೀಕ್ಷಕರ ತೃಪ್ತಿಯನ್ನು ಅಳೆಯುವ ಸಮೀಕ್ಷೆಗಳೂ ಸೇರಿದವು. ಆದರೂ ಹಲ್ಲು ಕಡಿಯುತ್ತಾ ನೋಡಿದ ಹತ್ತು ನಿಮಿಷವೂ ಮೆಚ್ಚಿ ನೋಡಿದ ಹತ್ತು ನಿಮಿಷವೂ ಅವಧಿಯ ಲೆಕ್ಕದಲ್ಲಿ ಒಂದೇ. ಫೇಸ್‌ಬುಕ್ 2017ರಲ್ಲಿ ಸಿಟ್ಟಿನ ಮುಖವೂ ಸೇರಿದಂತೆ ಎಮೋಜಿಗಳಿಗೆ ‘ಲೈಕ್’ನ ಐದು ಪಟ್ಟು ತೂಕ ಕೊಟ್ಟಿತ್ತು, ಸಿಟ್ಟಿನ ತೂಕವನ್ನು 2020ರಲ್ಲಿ ಸೊನ್ನೆಗೆ ಇಳಿಸಿತು.

ಹಾಗಾದರೆ ಜಗಳದ ಮನರಂಜನೆಯೆಲ್ಲ ಅನೈತಿಕವೇ? ಅಲ್ಲ. ತಾಳಮದ್ದಳೆಯಲ್ಲಿ ಅರ್ಥಧಾರಿಗಳು ಮಾತಿನಲ್ಲೇ ಒಬ್ಬರನ್ನೊಬ್ಬರು ಮಣಿಸಲು ನೋಡುತ್ತಾರೆ. ಇಬ್ಬರೂ ಒಪ್ಪಿ ಕುಳಿತವರು. ಯೂಟ್ಯೂಬ್ ತಾರೆಗಳಾದ ಕೆಎಸ್‌ಐ ಮತ್ತು ಲೋಗನ್ ಪಾಲ್ ತಿಂಗಳುಗಟ್ಟಲೆ ಬೈದಾಡಿಕೊಂಡು 2018ರಲ್ಲಿ ಮ್ಯಾಂಚೆಸ್ಟರಿನಲ್ಲಿ ಮುಷ್ಟಿಯುದ್ಧಕ್ಕೆ ಇಳಿದರು. ಪಂದ್ಯ ಸಮವಾಯಿತು, ಲಾಭ ಇಬ್ಬರಿಗೂ ಆಯಿತು. ಅಭಿರುಚಿಯ ಮಾತು ಬೇರೆ, ಅಲ್ಲಿ ಒಪ್ಪಿಗೆಯಂತೂ ಇತ್ತು. ಶಾಲೆಯ ಹಿಂದೆ ಇಬ್ಬರು ಹುಡುಗರು ಹೊಡೆದಾಡುವುದನ್ನು ಮೂರನೆಯವನು ಮೊಬೈಲಿನಲ್ಲಿ ಚಿತ್ರಿಸಿ ಹಂಚಿದಾಗ ಅದು ಇರುವುದಿಲ್ಲ. ಮೂಲವನ್ನು ಅಳಿಸಿದರೂ ಪ್ರತಿಗಳು ಉಳಿಯುತ್ತವೆ.

ತರಗತಿಗೆ ಒಂದು ಸರಳ ಪ್ರಯೋಗ. ಪೇಟೆಯ ಜಗಳವಲ್ಲದ, ಟಿವಿ ಚರ್ಚೆಯ ವಾಗ್ವಾದವೊಂದನ್ನು ಐದು ನಿಮಿಷ ತೋರಿಸಿ. ಮೊದಲೂ ಆಮೇಲೂ ವಿದ್ಯಾರ್ಥಿಗಳು ತಮ್ಮ ನಾಡಿ ಎಣಿಸಲಿ. ಮನೋವಿಜ್ಞಾನಿ ಡಾಲ್ಫ್ ಜಿಲ್‌ಮನ್ 1971ರಲ್ಲಿ ತೋರಿಸಿದಂತೆ ದೇಹದ ಉದ್ರೇಕ ತಟ್ಟನೆ ಇಳಿಯದೆ, ಮುಂದೆ ಬರುವ ಸಿಟ್ಟಿಗೂ ಸೇರಿಕೊಳ್ಳಬಲ್ಲದು. ನಾಡಿ ಮೊದಲಿನ ಎಣಿಕೆಗೆ ಮರಳಲು ಎಷ್ಟು ನಿಮಿಷ ಬೇಕಾಯಿತೆಂದು ಬರೆದಿಡಲಿ. ಏರದಿದ್ದವರೂ ಅದನ್ನೇ ಬರೆಯಲಿ.