ಡಿಜಿಟಲ್ ನಟನ ನಗು: ಗಣಿತ ಎಷ್ಟು, ಅಭಿನಯ ಎಷ್ಟು?

ಡಾ. ವಿಷ್ಣುವರ್ಧನ್ ನಿಧನರಾದದ್ದು 2009ರ ಡಿಸೆಂಬರ್ 30ರಂದು. ಆದರೂ 2016ರಲ್ಲಿ ಕೋಡಿ ರಾಮಕೃಷ್ಣ ನಿರ್ದೇಶನದ ‘ನಾಗರಹಾವು’ ತೆರೆಕಂಡಾಗ ಪ್ರೇಕ್ಷಕರು ಅವರನ್ನು ಮತ್ತೆ ಪರದೆಯ ಮೇಲೆ ನೋಡಿದರು. ಇದು ಹೇಗೆ ಸಾಧ್ಯವೆಂದು ಹತ್ತನೇ ತರಗತಿಯ ಮಕ್ಕಳು ಕೇಳಿದರೆ, ಉತ್ತರದ ಅರ್ಧ ಭಾಗ ಅವರ ಗಣಿತ ಪುಸ್ತಕದಲ್ಲೇ ಇದೆ.

ಆ ಚಿತ್ರದಲ್ಲಿ ದೇಹ ಬೇರೊಬ್ಬ ನಟನದು. ಮುಖ ಮಾತ್ರ ಕಂಪ್ಯೂಟರಿನಲ್ಲಿ ರೂಪುಗೊಂಡದ್ದು. ಇಂಥ ಮುಖ ಕಟ್ಟುವಾಗ ಕಣ್ಣಂಚು, ಹುಬ್ಬು, ತುಟಿಯ ತುದಿ ಮುಂತಾದ ಕಡೆ ಬಿಂದುಗಳನ್ನು ಗುರುತಿಸುತ್ತಾರೆ. ಪ್ರತಿ ಬಿಂದುವಿಗೂ ಅಗಲ, ಎತ್ತರ, ಆಳ ಎಂದು ಮೂರು ನಿರ್ದೇಶಾಂಕಗಳಿರುತ್ತವೆ. ಬಿಂದುಗಳು ಸರಿದರೆ ಮುಖಭಾವ ಬದಲಾಗುತ್ತದೆ.

ಕಪ್ಪುಹಲಗೆಯ ಮೇಲೆ ಎರಡೇ ನಿರ್ದೇಶಾಂಕ ಸಾಕು. ನಗುವ ಮೊದಲು ತುಟಿಯ ತುದಿ (2, 3)ರಲ್ಲಿದೆ, ನಕ್ಕ ಮೇಲೆ (6, 5)ಕ್ಕೆ ಬಂದಿದೆ ಎನ್ನೋಣ. ನಡುವಿನ ಚೌಕಟ್ಟಿನಲ್ಲಿ ಅದು ಎಲ್ಲಿರಬೇಕು? ಮಧ್ಯಬಿಂದು ಸೂತ್ರದಂತೆ (4, 4)ರಲ್ಲಿ. ಸಿನಿಮಾದಲ್ಲಿ ಸೆಕೆಂಡಿಗೆ ಸಾಮಾನ್ಯವಾಗಿ 24 ಚೌಕಟ್ಟುಗಳು. ಕಂಪ್ಯೂಟರ್ ಎಲ್ಲ ಬಿಂದುಗಳಿಗೂ ಇಂಥ ಲೆಕ್ಕವನ್ನು ಕ್ಷಣಾರ್ಧದಲ್ಲಿ ಮಾಡುತ್ತದೆ.

ಈಗ ಒಬ್ಬ ವಿದ್ಯಾರ್ಥಿಯನ್ನು ಕರೆದು ನಿಧಾನವಾಗಿ ನಗಲು ಹೇಳಿ. ತುಟಿ ಸರಳರೇಖೆಯಲ್ಲಿ ಸಾಗುವುದಿಲ್ಲ. ತಡೆಯುತ್ತದೆ, ಅದುರುತ್ತದೆ, ಒಮ್ಮೊಮ್ಮೆ ಕಣ್ಣೇ ಮೊದಲು ನಗುತ್ತದೆ. ಎಲ್ಲಿ ತಡೆಯಬೇಕೆಂಬ ಆಯ್ಕೆಯೇ ಅಭಿನಯ. ನಮ್ಮ ಕಡೆ ಜಾತ್ರೆಯ ನಾಟಕದಲ್ಲಿ ಪಾತ್ರಧಾರಿ ಜನರ ಶಿಳ್ಳೆ ನಿಲ್ಲುವವರೆಗೆ ಮಾತು ತಡೆಹಿಡಿಯುತ್ತಾನೆ. ಆ ಕಾಯುವಿಕೆಗೆ ಸೂತ್ರವಿಲ್ಲ. ಆದ್ದರಿಂದ ಡಿಜಿಟಲ್ ಪಾತ್ರಗಳಿಗೂ ಹಲವೊಮ್ಮೆ ಜೀವಂತ ನಟರ ಚಲನೆಯನ್ನೇ ದಾಖಲಿಸಿ ಬಳಸುತ್ತಾರೆ.

ದನಿಯೂ ಹೀಗೆಯೇ. ಪುನೀತ್ ರಾಜಕುಮಾರ್ ಅಗಲಿದ ನಂತರ, 2022ರ ಮಾರ್ಚ್ 17ರಂದು ಬಿಡುಗಡೆಯಾದ ‘ಜೇಮ್ಸ್’ನಲ್ಲಿ ಅವರ ಪಾತ್ರಕ್ಕೆ ಅಣ್ಣ ಶಿವರಾಜಕುಮಾರ್ ದನಿ ನೀಡಿದ್ದರು. ಏಪ್ರಿಲ್‌ನಲ್ಲಿ ತಂತ್ರಜ್ಞಾನದ ನೆರವಿನಿಂದ ಪುನೀತ್ ದನಿಯನ್ನೇ ಅಳವಡಿಸಿದ ಆವೃತ್ತಿ ಬಂತು. ಅಭಿಮಾನಿಗಳಿಗೆ ಅದು ಸಮಾಧಾನ ತಂದಿತು.

ಆದರೆ ಮುಖ, ದನಿ ಯಾರ ಸೊತ್ತು? 2023ರಲ್ಲಿ ಅಮೆರಿಕದ ನಟರು 118 ದಿನ ಮುಷ್ಕರ ನಡೆಸಿದಾಗ, ಒಪ್ಪಿಗೆಯಿಲ್ಲದೆ, ಸಂಭಾವನೆಯಿಲ್ಲದೆ ತಮ್ಮ ಡಿಜಿಟಲ್ ಪ್ರತಿರೂಪ ಬಳಸಬಾರದೆಂಬುದು ಮುಖ್ಯ ಬೇಡಿಕೆಗಳಲ್ಲೊಂದಾಗಿತ್ತು. ಹೆಸರಾಂತ ನಟರಿಗೆ ವಕೀಲರಿರುತ್ತಾರೆ. ಗುಂಪಿನ ದೃಶ್ಯದಲ್ಲಿ ದಿನಗೂಲಿಗೆ ನಿಲ್ಲುವವರ ಮುಖವನ್ನು ಒಮ್ಮೆ ಸ್ಕ್ಯಾನ್ ಮಾಡಿಕೊಂಡರೆ ಅವರ ನಾಳಿನ ಕೂಲಿಯೇ ಹೋಗಬಹುದು.

ಪಾಠದ ಕೊನೆಗೆ ಮಕ್ಕಳ ಮುಂದೆ ಎರಡು ಪ್ರಶ್ನೆ ಇಡಬಹುದು. ತೀರಿಹೋದ ನಟನ ಪರವಾಗಿ ಒಪ್ಪಿಗೆ ಕೊಡುವವರು ಯಾರು? ಗೆಳೆಯನ ಫೋಟೊವನ್ನು ಮೊಬೈಲ್ ಆ್ಯಪ್‌ಗೆ ಹಾಕಿ ಕುಣಿಸುವ ಮೊದಲು ಅವನನ್ನು ಕೇಳಿದ್ದೀರಾ?